ಕೀಲೆಣ್ಣೆಯವನ ಗಾಡಿಯಲ್ಲಿ ಅಪ್ಪ

ಬಳ್ಳಾರಿಯ ನಮ್ಮ ಮನೆಯ ಪಡಸಾಲೆಯಲ್ಲಿ ಆ ಭಾನುವಾರ ಬೆಳಿಗ್ಗೆ ಎಲ್ಲರೂ ಇದ್ದೆವು. ಅಪ್ಪ ಮುಖದ ತುಂಬ ಸಾಬೂನಿನ ನೊರೆ ಹಚ್ಚಿಸಿಕೊಂಡು ಕುರ್ಚಿಯಲ್ಲಿ ಕೂತಿದ್ದರು. ಕ್ಷೌರದವನು ಕತ್ತಿ ಮಸೆಯುತ್ತ ಊರ ಸುದ್ದಿಯನ್ನೂ ಮಸೆಯುತ್ತಿದ್ದ. ಅವ್ವ ಮೊರದಲ್ಲಿ ಜೋಳ ಹಸನು ಮಾಡುತ್ತಿದ್ದಳು. ಕುರುಗೋಡಿನಿಂದ ಬಂದಿದ್ದ ಅಜ್ಜಿ, ಅಂದರೆ ಅಪ್ಪನ ತಾಯಿ, ಗೋಡೆಗೊರಗಿ ಎಲೆ ಅಡಿಕೆ ಕುಟ್ಟುತ್ತಿದ್ದಳು. ನಾನು ಕೌದಿಗೆ ಅಂಚು ಹೊಲಿಯುತ್ತಿದ್ದೆ. ಅದು ನನ್ನ ಮದುವೆಗೆಂದೇ ಹೊಲಿಯುತ್ತಿದ್ದ ಕೌದಿ, ವರ ಮಾತ್ರ ಇನ್ನೂ ಗೊತ್ತಾಗಿರಲಿಲ್ಲ.

ಅಪ್ಪ ಆಗ ಜಿಲ್ಲೆಯ ಪೊಲೀಸರಿಗೆಲ್ಲ ಹಿರಿಯರು. ಊರವರ ಬಾಯಲ್ಲಿ ದೊಡ್ಡ ಸಾಹೇಬರು. ಬಿಳಿಯರು ಇನ್ನೂ ದೇಶ ಬಿಟ್ಟಿರಲಿಲ್ಲ, ಬಳ್ಳಾರಿ ಮದರಾಸು ಪ್ರಾಂತ್ಯಕ್ಕೆ ಸೇರಿತ್ತು.

ದಫೇದಾರ ಓಡುತ್ತ ಬಂದು ಮೆಟ್ಟಿಲ ಕೆಳಗೆ ನಿಂತ. "ಸಾಹೇಬ್ರ, ಇನ್ನೊಂದು ಗಾಡಿ ಬಂದೈತ್ರಿ. ಈ ಸಲ ಕುರುಗೋಡು ಕಡೆ."

ಗಾಡಿ ಬಂದೈತಿ ಎಂದರೆ ಏನೆಂದು ನಮಗೆ ಬಿಡಿಸಿ ಹೇಳಬೇಕಿರಲಿಲ್ಲ. ಹತ್ತಿ ಇಳಿಸಿ ಬಳ್ಳಾರಿಯಿಂದ ಹಿಂದಿರುಗುವ ಗಾಡಿಯವರು ಊರು ದಾಟಿದ ಕೂಡಲೇ ಕಂಬಳಿ ಹೊದ್ದು ಮಲಗಿಬಿಡುತ್ತಿದ್ದರು. ದಾರಿ ಎತ್ತುಗಳಿಗೆ ಗೊತ್ತು. ಅವು ತಮ್ಮಷ್ಟಕ್ಕೆ ನಡೆದು ಮನೆಯ ಮುಂದೆ ನಿಲ್ಲುತ್ತಿದ್ದವು. ಹಿಂದಿನ ತಿಂಗಳು ಸಿರಿಗೇರಿಯ ಒಬ್ಬನ ಎತ್ತುಗಳು ಹಾಗೆಯೇ ಬಂದು ನಿಂತಿದ್ದವು. ಹೆಂಡತಿ ಕಂಬಳಿ ಸರಿಸಿದರೆ ಗಂಡನ ಕೊರಳಲ್ಲಿ ಹಗ್ಗದ ಬರೆ. ಉಡಿಯಲ್ಲಿದ್ದ ದುಡ್ಡು ಹಾಗೇ ಇತ್ತು. ಎಲ್ಲಿ ಕೊಂದರು, ಯಾಕೆ ಕೊಂದರು, ಎತ್ತುಗಳನ್ನು ಕೇಳಬೇಕು.

"ಗಾಡಿ ಹೆಂಗ ಬಂದಿತ್ತೋ ಹಂಗ ಐತೇನು?" ಅಪ್ಪ ನೊರೆಯೊಳಗಿಂದಲೇ ಕೇಳಿದರು.

"ಇಲ್ರಿ. ತೊಳದಾರ."

ಅಪ್ಪ ಕುರ್ಚಿಯ ಕೈ ಗುದ್ದಿದರು. ಸಿರಿಗೇರಿಯಲ್ಲೂ ಅದೇ ಆಗಿತ್ತು. ಹೆಣ ಇಳಿಸಿದ ತಕ್ಷಣ ಗಾಡಿಗೆ ಸಗಣಿ ನೀರು ಸುರಿದು, ಗಾಲಿಗೆ ಅರಿಶಿನ ಬಳಿದು, ಎತ್ತಿನ ಕಾಲು ತೊಳೆದು ಕೊಟ್ಟಿಗೆಗೆ ಕಟ್ಟಿದ್ದರು. ಗಾಲಿಗೆ ಹತ್ತಿದ ಮಣ್ಣು ಕರಿಯದೋ ಕೆಂಪೋ ಎಂದಷ್ಟು ತಿಳಿದಿದ್ದರೂ ಸಾಕು, ಗಾಡಿ ಯಾವ ದಾರಿಯಲ್ಲಿ ನಿಂತಿತ್ತೆಂದು ಹೇಳಬಹುದಿತ್ತು.

"ತೊಳೀದ ಏನ್ ಮಾಡ್ತಾರೋ ತಮ್ಮಾ?" ಅಜ್ಜಿ ಕುಟ್ಟುವುದನ್ನು ನಿಲ್ಲಿಸಲಿಲ್ಲ. "ಸಾವು ಹೊತ್ಕೊಂಡು ಬಂದ ಗಾಡಿನ್ನ ಹಂಗ ಅಂಗಳದಾಗ ನಿಂದ್ರಿಸ್ಕೊಂಡು ನಿನ್ನ ದಾರಿ ಕಾಯ್ಬೇಕೇನು? ಎತ್ತೇನ್ ಪಾಪ ಮಾಡ್ಯಾವ? ನಾನಾಗಿದ್ರೂ ತೊಳೀತಿದ್ದೆ."

"ಅವ್ವಾ, ನೀನು ತೊಳದ್ರ ನಿನ್ನೂ ಹಿಡಕೊಂಡು ಹೋಗ್ತೀನಿ."

"ಹಿಡಕೊಂಡು ಹೋಗು. ಅಲ್ಲಾದ್ರೂ ಬಿಸಿ ರೊಟ್ಟಿ ಸಿಗ್ತಾವೇನೋ," ಎಂದು ಅಜ್ಜಿ ಅವ್ವನ ಕಡೆ ನೋಡಿದಳು. ಕ್ಷೌರದವನು ನಗು ತಡೆಯಲಾರದೆ ಕತ್ತಿಯನ್ನು ಅಪ್ಪನ ಗಲ್ಲದಿಂದ ದೂರ ಹಿಡಿದ.

ಆ ವಾರವೇ ಊರೂರಿಗೆ ಡಂಗುರ ಹೊಡೆಸಿದರು: ಹೆಣ ಬಂದ ಗಾಡಿಯನ್ನು ಯಾರೂ ಮುಟ್ಟಬಾರದು, ತೊಳೆಯಬಾರದು. ಸ್ವಲ್ಪ ದಿನಕ್ಕೆ ಮೂರನೆಯ ಗಾಡಿ ಬಂತು, ಸಿರುಗುಪ್ಪದಾಚೆ ಹಚ್ಚೊಳ್ಳಿಗೆ. ಊರವರು ಎಷ್ಟು ಹೆದರಿದ್ದರೆಂದರೆ ಎತ್ತುಗಳ ಕೊರಳಿನ ನೊಗವನ್ನೂ ಬಿಚ್ಚದೆ ಗಾಡಿಯನ್ನು ಊರ ಹೊರಗೇ ನಿಲ್ಲಿಸಿದ್ದರಂತೆ. ಅಪ್ಪ ಹೋದವರೇ ಮೊದಲು ಎತ್ತುಗಳಿಗೆ ನೀರು ಕುಡಿಸಿದರು, ಆಮೇಲೆ ಭೂತಗನ್ನಡಿ ಹಿಡಿದು ಗಾಡಿಯ ಸುತ್ತ ಮೊಣಕಾಲೂರಿದರು. ಕರಿಮಣ್ಣು ಕೆಂಪುಮಣ್ಣು ಎರಡೂ ಕಲಸಿ ಹತ್ತಿತ್ತು. ಅದರಿಂದ ಏನೂ ತಿಳಿಯಲಿಲ್ಲ. ಆದರೆ ಗಾಲಿಯ ನಡುವಿನ ಗುಂಬದ ಮೇಲೆ ಮೂರು ಬೆರಳಿನ ಕಪ್ಪು ಗುರುತು ಎದ್ದು ಕಾಣುತ್ತಿತ್ತು.

ಆ ಬೆರಳು ಯಾರದೆಂದು ಗಾಡಿಯವರೆಲ್ಲ ಬಲ್ಲರು. ಬಳ್ಳಾರಿ ದಾಟಿದ ಮೇಲೆ ಸಿರುಗುಪ್ಪದ ದಾರಿ, ಕುರುಗೋಡಿನ ದಾರಿ ಕವಲೊಡೆಯುವಲ್ಲಿ ಒಂದು ಹುಣಸೆಮರ. ಅದರ ಕೆಳಗೆ ಒಬ್ಬ ಕೀಲೆಣ್ಣೆಯವನು ಕೂರುತ್ತಿದ್ದ. ಹರಳೆಣ್ಣೆಗೆ ಸುಟ್ಟ ಹುಲ್ಲಿನ ಮಸಿ ಕಲಸಿ ಗಾಡಿಯ ಅಚ್ಚಿಗೆ ಹಚ್ಚುವುದು ಅವನ ಕಸುಬು. ಹಚ್ಚಿದ ಮೇಲೆ ಗುಂಬಕ್ಕೆ ಮೂರು ಬೆರಳು ಒತ್ತುತ್ತಿದ್ದ. ಗಾಡಿಯವನು ಎದ್ದಾಗ ನೋಡಿಕೊಂಡು ಮುಂದಿನ ಸಲ ದುಡ್ಡು ಕೊಡಲಿ ಎಂದು.

ಅಪ್ಪ ಅವನನ್ನು ಕರೆಸಿ ಕೇಳಿದರು. ಅವನು ಒಂದು ಮಾತೂ ಮುಚ್ಚಿಡಲಿಲ್ಲ ಎಂದು ದಫೇದಾರ ನಮ್ಮ ಪಡಸಾಲೆಯಲ್ಲಿ ನಿಂತು ಅವನಂತೆಯೇ ಹೇಳಿ ತೋರಿಸುತ್ತಿದ್ದ: "ಮೂರೂ ಗಾಡಿಗೆ ನಾನ ಹಚ್ಚೀನ್ರಿ. ಮಕ್ಕೊಂಡಿದ್ರು. ಮಕ್ಕೊಂಡವರನ್ನ ನಾವು ಎಬ್ಬಸಂಗಿಲ್ರಿ. ದುಡಿಯೋರ ನಿದ್ದಿ ಕೆಡಿಸಬಾರದು ಅಂತ ನಮ್ಮಪ್ಪ ಹೇಳ್ಯಾನ."

ಸತ್ತ ಮೂವರನ್ನೂ ದಾರಿಯಲ್ಲಿ ಕೊನೆಯದಾಗಿ ಕಂಡವನು ಅವನೇ. ಅಪ್ಪ ಅವನನ್ನು ಹಿಡಿದು ಒಳಗೆ ಹಾಕಿದರು. ಅಂದಿನಿಂದ ಖೂನಿ ನಿಂತವು. ಮೇಲಿನವರು ಮದರಾಸಿನಿಂದ ಬಂದು ಅಪ್ಪನ ಕೈ ಕುಲುಕಿ ಹೋದರು. ಮೊಕದ್ದಮೆ ಕೋರ್ಟಿಗೆ ಹೋದರೆ ಸಾಕು, ಮದರಾಸಿನಲ್ಲಿ ದೊಡ್ಡ ಹುದ್ದೆ ಕಾದಿದೆ ಎಂದರಂತೆ. ಅವ್ವ ಯಾವ ಪಾತ್ರೆ ಒಯ್ಯುವುದು, ಯಾವುದನ್ನು ಬಿಡುವುದು ಎಂದು ಬೇರೆ ಬೇರೆ ಜೋಡಿಸತೊಡಗಿದಳು.

ಅಜ್ಜಿ ಕುರುಗೋಡಿಗೆ ಹೊರಟ ದಿನ ಗಾಡಿ ಅಂಗಳದಲ್ಲಿ ನಿಂತಿತ್ತು. ಅಪ್ಪ ಬಗ್ಗಿ ಅವಳ ಕಾಲು ಮುಟ್ಟಿದರು. ಮುಟ್ಟಿದವರು ಮೇಲೇಳಲೇ ಇಲ್ಲ.

"ಏಳಪಾ ಸಾಕು. ಇಷ್ಟೊತ್ತು ಯಾರಾರ ನಮಸ್ಕಾರ ಮಾಡ್ತಾರೇನು? ನಾನೇನು ಇನ್ನ ಬರಂಗಿಲ್ಲ ಅಂತ ಮಾಡಿಯೇನು?"

ಅಪ್ಪ ಅಜ್ಜಿಯ ಕಾಲ ಪಕ್ಕದ ಗಾಲಿಯನ್ನು ನೋಡುತ್ತಿದ್ದರು. ಗುಂಬದ ಮೇಲೆ ಮೂರು ಬೆರಳು, ಬಿಸಿಲಿಗೆ ಒಣಗಿ ಮಾಸಿದ್ದವು.

"ಅವ್ವಾ, ಇದು ಯಾವಾಗಿಂದು?"

"ನಾ ಇಲ್ಲಿಗೆ ಬರೋವಾಗ ಹುಣಸಿಮರದ ಹತ್ರ ಹಚ್ಚಿಸಿದ್ದು. ಯಾಕ, ನನ್ನ ಕೊಳ್ಳಾಗೂ ಹಗ್ಗ ಐತೇನು ನೋಡು."

ಅಜ್ಜಿಯನ್ನು ಕಳಿಸಿದ ಅಪ್ಪ ಕಾಫಿಗೂ ಒಳಗೆ ಬರಲಿಲ್ಲ. ನೇರ ಹತ್ತಿ ಮಾರುಕಟ್ಟೆಗೆ ಹೋದರು. ಮರುದಿನವೂ ಹೋದರು. ಸಮವಸ್ತ್ರ ತೊಟ್ಟ ಸಾಹೇಬರು ನೂರಾರು ಗಾಡಿಗಳ ನಡುವೆ ಬಗ್ಗಿ ಬಗ್ಗಿ ಗಾಲಿ ನೋಡುತ್ತ ನಡೆದರೆ ಗಾಡಿಯವರು ತೆಲುಗಿನಲ್ಲಿ, "ದೊರಗಾರು ಏದೋ ಪೋಗೊಟ್ಟುಕುನ್ನಾರು," ಎಂದು ನಕ್ಕರಂತೆ. ಸಾಹೇಬರು ಏನೋ ಕಳೆದುಕೊಂಡಿದ್ದಾರೆ ಎಂದು. ಅದು ಸುಳ್ಳೂ ಅಲ್ಲ. ಉತ್ತರದ ಕಡೆಯಿಂದ ಬಂದ ಗಾಡಿಗಳಲ್ಲಿ ಆ ಮೂರು ಬೆರಳಿಲ್ಲದ್ದು ಸಿಗುವುದೇ ಅಪರೂಪವಾಗಿತ್ತು. ಅವನ ಕೈಯಿಂದ ಎಣ್ಣೆ ಹಚ್ಚಿಸಿಕೊಂಡು ಅಷ್ಟೂ ಜನ ಸುಖವಾಗಿ ಮಲಗಿ ಮನೆ ಸೇರುತ್ತಿದ್ದರು.

ಅಪ್ಪ ಕೀಲೆಣ್ಣೆಯವನನ್ನು ಬಿಟ್ಟುಬಿಟ್ಟರು.

ಅವ್ವ ಆ ದಿನ ಪಾತ್ರೆಗಳನ್ನು ಮತ್ತೆ ಗೂಡಿಗೆ ಜೋಡಿಸಿದಳು. ಸದ್ದು ಸ್ವಲ್ಪ ಜೋರಾಗಿಯೇ ಇತ್ತು. "ಅವನಲ್ಲ ಅಂದ್ರ ಮತ್ಯಾರು ಅಂತ ಹೇಳ್ರಲ್ಲ?"

"ಗೊತ್ತಿಲ್ಲ."

"ಗೊತ್ತಿಲ್ಲ ಅಂದ್ಮ್ಯಾಲೆ ಅವನ ಇರಬೋದಲ್ಲ?"

"ಇರಬೋದು ಅಂತ ಒಬ್ಬನ್ನ ಗಲ್ಲಿಗೆ ಕಳಸಾಕ ಬರಂಗಿಲ್ಲ."

ಆಮೇಲಿನದು ವಿಚಿತ್ರ. ಮತ್ತೆ ಖೂನಿ ಆಗಲಿಲ್ಲ. ಆಗಿದ್ದರೆ ಅವನಲ್ಲ ಎಂದು ಜನ ಒಪ್ಪುತ್ತಿದ್ದರು. ಆಗದೇ ಇದ್ದುದರಿಂದ, ಕೊಲೆಗಾರನನ್ನು ಕೈಯಾರೆ ಬಿಟ್ಟ ಸಾಹೇಬರು ಎಂಬ ಹೆಸರು ಅಪ್ಪನಿಗೆ ಅಂಟಿತು. ಮದರಾಸಿನ ಹುದ್ದೆ ಬೇರೆಯವರಿಗೆ ಹೋಯಿತು. ಗಾಡಿಯೊಂದು ಗಾಡಿಯವನ ಕೂಗಿಲ್ಲದೆ ನಮ್ಮ ಬಾಗಿಲ ಮುಂದೆ ನಿಂತರೆ ಅಪ್ಪನ ಕೈಯಲ್ಲಿನ ತುತ್ತು ಹಾಗೇ ನಿಲ್ಲುತ್ತಿತ್ತು. ಒಮ್ಮೆ ನನ್ನೆದುರಿಗೇ ಅಂದರು: "ಇನ್ನೊಂದು ಹೆಣ ಬಿದ್ರ ನಾ ಗೆದ್ದಂಗ. ಅಂಥಾ ಗೆಲುವು ಬರದಿರ್ಲಿ ಅಂತ ದಿನಾ ಕೈ ಮುಗೀತೀನಿ."

ಹೊಳೆಯಾಚೆ ನಿಜಾಮನ ಸೀಮೆಯಲ್ಲಿ ಗಲಭೆ ಎದ್ದಾಗ ಜನ ಮಕ್ಕಳನ್ನು ಹೆಗಲ ಮೇಲೆ ಹೊತ್ತು ಸಿರುಗುಪ್ಪದ ದಂಡೆಗೆ ದಾಟಿ ಬಂದರು. ಅಪ್ಪ ವಾರಗಟ್ಟಲೆ ಅಲ್ಲೇ ನಿಂತು ಅವರಿಗೆ ನೆಲೆ ಮಾಡಿಸಿದರು. ಅದನ್ನು ಯಾರೂ ಕೇಳಲಿಲ್ಲ. ಎಲ್ಲರದೂ ಒಂದೇ ಪ್ರಶ್ನೆ. ನನ್ನ ಮದುವೆಯಲ್ಲಿ ಧಾರೆಯ ನೀರು ಕೈಯಿಂದ ಇಳಿಯುವ ಮುಂಚೆಯೇ ಬೀಗರು ಅಪ್ಪನ ಕಿವಿಯಲ್ಲಿ, "ಖರೇ ಹೇಳ್ರಿ, ಅವನ ಅಲ್ಲೇನು?" ಅಂದರು. ನನಗೂ ಅದೇ ಕುತೂಹಲ ಇತ್ತು ಎಂದರೆ ತಪ್ಪಲ್ಲ. ನನ್ನ ಗಂಡನಿಗೂ ಇತ್ತು. ಮೊದಲ ರಾತ್ರಿ ಅವರು ಕೇಳಿದ್ದೂ ಇದನ್ನೇ.

ಕೀಲೆಣ್ಣೆಯವನ ಪಾಡು ಇನ್ನೂ ಕಷ್ಟ. ಹುಣಸೆಮರದ ಹತ್ತಿರ ಬಂದರೆ ಗಾಡಿಯವರು ಎತ್ತಿನ ಬಾಲ ತಿರುಚಿ ಓಡಿಸುತ್ತಿದ್ದರು. ಅಚ್ಚು ಕಿರುಗುಟ್ಟಿದರೂ ಸರಿ, ಅವನ ಕೈ ಹಚ್ಚಿಸುತ್ತಿರಲಿಲ್ಲ. ಅವನು ಅಣ್ಣನ ಹಳೆಯ ಗಾಡಿ ತಂದು ಕಲ್ಲು ಸಾಗಿಸುವ ಕೆಲಸಕ್ಕೆ ಇಳಿದ ಎಂದು ಕೇಳಿದೆವು.

ಅಪ್ಪ ನಿವೃತ್ತರಾದಾಗ ಬಳ್ಳಾರಿ ಯಾವ ಸೀಮೆಗೆ ಸೇರಬೇಕೆಂದು ಬೀದಿಬೀದಿಯಲ್ಲಿ ವಾದ ನಡೆದಿತ್ತು. ನಮ್ಮ ಮನೆಯ ವಾದ ಸಾಮಾನು ಸಾಗಿಸುವುದರದ್ದು. ಕುರುಗೋಡಿಗೆ ಹೋಗುವುದೆಂದಾಗಿತ್ತು, ನಾನು ಸಹಾಯಕ್ಕೆ ಬಂದಿದ್ದೆ. ಬೆಳಿಗ್ಗೆ ಬಾಗಿಲು ತೆರೆದರೆ ಕೀಲೆಣ್ಣೆಯವನು ಗಾಡಿ ಹೂಡಿಕೊಂಡು ನಿಂತಿದ್ದ. ಕೂದಲು ನೆರೆತಿತ್ತು.

"ಸಾಹೇಬ್ರ, ನಿಮ್ಮ ಸಾಮಾನು ನನ್ನ ಗಾಡ್ಯಾಗ ಬರ್ಲಿ."

ಅವ್ವ ನನ್ನ ಕೈ ಹಿಸುಕಿದಳು. ದಫೇದಾರ, "ಹಂಗಾದ್ರ ನಾನೂ ಗಾಡ್ಯಾಗ ಕುಂದರ್ತೀನ್ರಿ," ಎಂದ.

"ನೀನು ಕುಂತ್ರ ಟ್ರಂಕು ಎಲ್ಲಿ ಇಡೋದಲೇ?" ಎಂದು ಅಪ್ಪ ತಾವೇ ಹತ್ತಿ ಕೂತರು.

ನಾನೂ ಅವ್ವನೂ ಜಟಕಾದಲ್ಲಿ ಮುಂದೆ ಹೋಗಿ ಮನೆ ಗುಡಿಸಿ ಕಾದೆವು. ಹೊತ್ತು ಇಳಿಯುವಾಗ ಗಾಡಿ ಬಂತು. ಬೀದಿಯಲ್ಲಿ ಜನ ಎರಡೂ ಕಡೆ ನಿಂತು ನೋಡುತ್ತಿದ್ದರು. ಎತ್ತುಗಳು ನಿಂತವು. ಸಾಮಾನಿನ ಮಧ್ಯೆ ಕಂಬಳಿ ಹೊದ್ದು ಅಪ್ಪ ಮಲಗಿದ್ದರು, ಅಲುಗಾಟವಿಲ್ಲ. ಅವ್ವನ ಕೈಯಿಂದ ತಂಬಿಗೆ ಜಾರಿತು.

ಕೀಲೆಣ್ಣೆಯವನು ಮೆಲ್ಲಗೆ ಇಳಿದ. "ಸಪ್ಪಳ ಮಾಡಬ್ಯಾಡ್ರವ್ವಾ. ಹುಣಸಿಮರ ದಾಟಿದ್ದ ತಡ, ಮಕ್ಕೊಂಡಾರ."

ತಂಬಿಗೆ ಬಿದ್ದ ಸದ್ದಿಗೆ ಅಪ್ಪ ಎದ್ದು ಕೂತು ಕಣ್ಣುಜ್ಜಿದರು. "ಊರು ಬಂತೇನು?" ಎಂದರು. ಮುಖದ ಮೇಲೆ ಕಂಬಳಿಯ ಗೆರೆ ಮೂಡಿತ್ತು. ಅಜ್ಜಿ ಹೊರಗೆ ಬಂದು ಮಗನನ್ನು ಬಿಟ್ಟು ಮೊದಲು ಎತ್ತುಗಳ ಕಾಲಿಗೆ ನೀರು ಹಾಕಿದಳು.

ಮುಂದಿನ ವಾರ ಕುರುಗೋಡಿನ ಎರಡು ಹತ್ತಿ ಗಾಡಿಗಳು ಬಳ್ಳಾರಿಯಿಂದ ಬರುವಾಗ ಹುಣಸೆಮರದ ಕೆಳಗೆ ನಿಂತು, ಮತ್ತೆ ಅಲ್ಲಿ ಬಂದು ಕೂತಿದ್ದ ಅವನ ಕೈಯಿಂದ ಕೀಲೆಣ್ಣೆ ಹಚ್ಚಿಸಿಕೊಂಡು ಬಂದವು.