ನನ್ನ ಕೂಗು ನಿಲ್ಲಿಸಲು ರಾಮನಗರಕ್ಕೆ

ಉಯ್ಯಂಬಳ್ಳಿಯಲ್ಲಿ ಬೆಳಗಿನ ಮೊದಲ ಬಸ್ಸು ಹತ್ತಿದೆ. ಮಂಜು ಬಿದ್ದಿತ್ತು. ಆಧಾರ್ ಕಾರ್ಡು ತೋರಿಸಿದೆ. ಹೆಂಗಸರಿಗೆ ಟಿಕೆಟ್ಟು ಬಿಟ್ಟಿ.

ಹೊರಟದ್ದು ಸಿನಿಮಾ ಮಾಡುವ ಹರೀಶನನ್ನು ಹಿಡಿಯಲು. ಹೋದ ವರ್ಷ ಅವನು ನಮ್ಮ ಹೊಲಕ್ಕೆ ಬಂದು, ನಾನು ಆನೆ ಓಡಿಸುವ ಕೂಗನ್ನು ಮೆಷೀನಿಗೆ ತುಂಬಿಕೊಂಡ. "ಹೋಗಪ್ಪಾ ಸಾಮಿ, ಹೋಗು!" ಅಷ್ಟೇ ಕೂಗು. ಆಮೇಲೆ ಕಾಡಂಚಿನ ಮರಕ್ಕೆ ಕ್ಯಾಮೆರಾ, ಸ್ಪೀಕರ್ ಪೆಟ್ಟಿಗೆ ಕಟ್ಟಿದ. ಆನೆ ಹತ್ತಿರ ಬಂದರೆ ಪೆಟ್ಟಿಗೆ ತಾನೇ ನನ್ನ ದನಿಯಲ್ಲಿ ಕೂಗುತ್ತದೆ. ಮೊದಮೊದಲು ಆನೆ ಓಡಿತು. ಈಗ ನಾನೇ ಎದುರು ನಿಂತು ಕೂಗಿದರೂ ಓಡುವುದಿಲ್ಲ. ರಾಗಿ ತೆನೆ ಬಲಿತಿತ್ತು. ಗಂಡ ಸತ್ತ ಮೇಲೆ ಕಾಯುವವಳು ನಾನೊಬ್ಬಳೇ. ದಿನವಿಡೀ ನಾನು ಬಾಯಿ ಬಿಡುವುದೂ ಆ ಆನೆಯ ಹತ್ತಿರ ಮಾತ್ರ.

ಕನಕಪುರದಲ್ಲಿ ಇಳಿದು ಬನ್ನು, ಟೀ ತೆಗೆದುಕೊಂಡೆ. ಟೀ ಆರಿತ್ತು. ರಾಮನಗರದ ಬಸ್ಸಿನಲ್ಲಿ ಪಕ್ಕದ ಹೆಂಗಸು, "ಎಲ್ಲಿಗಜ್ಜಿ?" ಅಂದಳು.

"ಸಿನಿಮಾದವನ ತಾವ್ಕೆ."

"ಈ ವಯಸ್ಸಲ್ಲಿ ಹೀರೋಯಿನ್ನಾ?"

"ಹೂಂ ಕಣವ್ವ. ಹೀರೋ ಕಾಡಲ್ಲವ್ನೆ."

ಹರೀಶನ ಕೋಣೆ ರೇಷ್ಮೆಗೂಡಿನ ಮಾರ್ಕೆಟ್ ಹಿಂದೆ, ನೂಲು ತೆಗೆಯುವ ಶೆಡ್ಡಿನ ಮೇಲೆ. ಬೆಂದ ಹುಳುವಿನ ವಾಸನೆ ಒಳಗೂ ಬರುತ್ತಿತ್ತು. ನಾನು ಬಾಯಿ ತೆಗೆಯುವ ಮೊದಲೇ ಕೂರಿಸಿ ಸಿನಿಮಾ ಹಾಕಿದ. ಕತೆಯಿಲ್ಲ, ಹಾಡಿಲ್ಲ. ಬರೀ ಆನೆ, ಬರೀ ನನ್ನ ಕೂಗು. ಮೊದಲು ಓಡುತ್ತದೆ. ಆಮೇಲೆ ದೂರದಲ್ಲಿ ನಿಲ್ಲುತ್ತದೆ. ಕೊನೆಗೆ ಪೆಟ್ಟಿಗೆಯ ಮೇಲೆ ಸೊಂಡಿಲಿಟ್ಟು ಕಿವಿ ಅಗಲಿಸುತ್ತದೆ.

"ಆನೆಗಳೇ ಕಮ್ಮಿ ಆಗ್ತಾ ಅವೆ ಅಜ್ಜಿ. ಇದು ಒಂಟಿ ಸಲಗ. ನಿಮ್ಮ ದನಿ ಕೇಳಕ್ಕೇ ಬತ್ತದೆ, ನೋಡಿ" ಅಂದ.

"ಕೇಳ್ಬುಟ್ಟು ನನ್ನ ರಾಗಿ ತಿಂತದಲ್ಲ, ಅದ್ಯಾಕಿಲ್ಲ ಇದ್ರಲ್ಲಿ? ನಿಲ್ಸು."

"ಸಿನಿಮಾನಾ?"

"ನನ್ನ ದನೀನ."

ಮೊಬೈಲ್ ಒತ್ತಿದ. "ಪೆಟ್ಟಿಗೆ ಆಫ್ ಆಯ್ತು. ಒಂದ್ ಫೋನ್ ಮಾಡಿದ್ರೆ ಸಾಕಾಗಿತ್ತು."

"ನಂಬರ್ ಕೊಟ್ಟಿದ್ಯೇನ್ಲಾ?"

ತಲೆ ಕೆರೆದುಕೊಂಡ. ಹೋಟೆಲಿನಲ್ಲಿ ಅನ್ನ ಸಾರು ಕೊಡಿಸಿದ. ಉಪ್ಪು ಸಾಲದು.

ಹೊತ್ತು ಇಳಿಯುವಾಗ ಊರಿಗೆ ಬಂದು ನೇರ ಹೊಲಕ್ಕೆ ಹೋದೆ. ಆನೆ ಮರದ ಕೆಳಗೆ ನಿಂತಿತ್ತು. ಪೆಟ್ಟಿಗೆ ಕೂಗಲಿಲ್ಲ. ಅದು ಕಿವಿ ಅಗಲಿಸಿಕೊಂಡು ಕಾಯುತ್ತಿತ್ತು. ಪೆಟ್ಟಿಗೆ ನೋಡಿತು, ನನ್ನನ್ನು ನೋಡಿತು. ನಾನೂ ಕೂಗಲಿಲ್ಲ. ಹಳೇ ತಗಡು ತೆಗೆದು ಬಡಿದೆ. ಬೆಚ್ಚಿಬಿದ್ದು ತಿರುಗಿ ಕಾಡಿಗೆ ಹೋಯಿತು.

ರಾಗಿ ಉಳಿಯಿತು. ಆಮೇಲೆ ಹೊಲದಲ್ಲಿ ನಾನು ಬಾಯಿ ಬಿಟ್ಟಿಲ್ಲ.