ಗ್ಲೆನ್‌ನನ್ನು ತಡೆದ ಸಹಿ

ಫ್ಲೀಟ್‌ವುಡ್‌ನಲ್ಲಿ ನಮ್ಮ ಮನೆಗೂ ಡೋರೀನ್ ಥ್ರೆಲ್‌ಫಾಲ್ ಮನೆಗೂ ನಡುವೆ ಇದ್ದದ್ದು ಒಂದೇ ಗೋಡೆ. ಅವಳ ಮಗ ಗ್ಲೆನ್ ಕೂಸಾಗಿ ಅತ್ತದ್ದು, ದೊಡ್ಡವನಾಗಿ ಕುಡಿದು ಬಂದು ಬಾಗಿಲು ಬಡಿದದ್ದು, ಎಲ್ಲ ನನಗೆ ಕೇಳಿಸಿದೆ. ಅವನೇನು ಸಾಧುವಲ್ಲ. ಇಪ್ಪತ್ತೊಂದರ ವಯಸ್ಸಿನಲ್ಲಿ ಟ್ರಾಮ್ ನಿಲ್ದಾಣದ ಹತ್ತಿರ ಒಬ್ಬ ವಿದ್ಯಾರ್ಥಿಗೆ ಚಾಕು ತೋರಿಸಿ ಮೊಬೈಲ್ ಕಿತ್ತುಕೊಂಡ. ಆ ಹುಡುಗ ಎಷ್ಟೋ ಕಾಲ ಒಬ್ಬನೇ ಹೊರಗೆ ಹೋಗಲು ಹೆದರುತ್ತಿದ್ದನಂತೆ. ಶಿಕ್ಷೆ ಆಗಬೇಕಿತ್ತು, ಆಯಿತು.

ಆದರೆ ಎಂಥ ಶಿಕ್ಷೆ! ಕನಿಷ್ಠ ಎರಡು ವರ್ಷ ಜೈಲು. ಆಮೇಲೆ ಇವನಿಂದ ಅಪಾಯವಿಲ್ಲ ಎಂದು, ಕೈದಿಗಳ ಬಿಡುಗಡೆ ನಿರ್ಧರಿಸುವ ಪೆರೋಲ್ ಮಂಡಳಿಗೆ ಅನ್ನಿಸುವವರೆಗೂ ಜೈಲು. ಇಂಥ ಶಿಕ್ಷೆ ಸರಿಯಲ್ಲವೆಂದು ಮುಂದೆ ಸರ್ಕಾರವೇ ಅದನ್ನು ರದ್ದು ಮಾಡಿತು. ಅದೂ ಹೊಸಬರಿಗೆ ಮಾತ್ರ. ಒಳಗಿದ್ದವರು ಒಳಗೇ ಕೊಳೆತರು.

ಗ್ಲೆನ್‌ಗೆ ಮೂವತ್ತಾರಾದಾಗ ಮಂಡಳಿಯ ಮೂವರು ಇಡೀ ದಿನ ಕೂತು ಅವನನ್ನು ವಿಚಾರಿಸಿದರು. ಮನಶ್ಶಾಸ್ತ್ರಜ್ಞೆ, ಜೈಲಿನ ಅಧಿಕಾರಿ, ಎಲ್ಲರದೂ ಒಂದೇ ಮಾತು: ಇವನನ್ನು ತೆರೆದ ಜೈಲಿಗೆ ಕಳಿಸಿ. ಅಲ್ಲಿ ಎತ್ತರದ ಗೋಡೆಯಿಲ್ಲ. ಹಗಲು ಹೊರಗೆ ದುಡಿಯಬಹುದು, ಆಗಾಗ ಮನೆಗೂ ಬಂದು ಹೋಗಬಹುದು. ಮಂಡಳಿ ಒಪ್ಪಿ ಶಿಫಾರಸು ಮಾಡಿತು. ಕೊನೆಯ ಸಹಿ ಮಾತ್ರ ನ್ಯಾಯಮಂತ್ರಿಯದು. ಡೋರೀನ್ ಮನೆಯಲ್ಲಿ ಅವನ ಕೋಣೆಗೆ ಹೊಸ ಪರದೆ ಹಾಕಿದಳು.

ಮಂತ್ರಿಯ ಕಚೇರಿ ಆಗದು ಎಂದಿತು. ಕಾರಣ? ಹೊರಗಿನ ವಾತಾವರಣದಲ್ಲಿ ಇವನನ್ನು ಇನ್ನೂ ಪರೀಕ್ಷಿಸಿಲ್ಲ!

"ಪರೀಕ್ಷೆ ಮಾಡೋಕೇ ತಾನೇ ಅಲ್ಲಿಗೆ ಕಳಿಸೋದು?" ಡೋರೀನ್ ನಮ್ಮ ಅಡುಗೆಮನೆಯಲ್ಲಿ ಕೂಗಾಡಿದಳು. "ಮೊದಲು ಗಾಡಿ ಓಡಿಸಿ ತೋರಿಸು, ಆಮೇಲೆ ಕೀ ಕೊಡ್ತೀನಿ ಅಂದಂಗಾಯ್ತಲ್ಲ, ಪಾಲೀನ್! ಇವರ್‍ಯಾರಾದ್ರೂ ಅವನ ಮುಖ ನೋಡಿದಾರಾ?"

ಯಾರೂ ನೋಡಿರಲಿಲ್ಲ. ಮಗನ ಪರವಾಗಿ ಅವಳು ಕೋರ್ಟಿಗೆ ಹೋದಳು. ವಕೀಲೆ ಫರ್ಜಾನಾ ಮೊದಲೇ ಎಚ್ಚರಿಸಿದಳು: "ಗ್ಲೆನ್ ಹೋಗಬೇಕೋ ಬೇಡ್ವೋ ಅಂತ ಜಡ್ಜ್ ನೋಡಲ್ಲ, ಡೋರೀನ್. ಮಂತ್ರಿ ಕಾನೂನಿನ ಪ್ರಕಾರ ತೀರ್ಮಾನ ಮಾಡಿದ್ರಾ ಅಂತ ಮಾತ್ರ ನೋಡ್ತಾರೆ."

"ತೀರ್ಮಾನವೇ ತಪ್ಪಾಗಿದ್ರೆ?"

"ಬರೀ ತಪ್ಪಾದ್ರೆ ಸಾಲ್ದು. ತಲೆ ನೆಟ್ಟಗಿರೋ ಯಾರೂ ಹಾಗೆ ತೀರ್ಮಾನ ಮಾಡೋಕೆ ಸಾಧ್ಯವಿಲ್ಲ ಅನ್ನೋಷ್ಟು ತಪ್ಪಾಗಿರಬೇಕು."

"ಮಂತ್ರಿಗಾದ್ರೆ ಇಷ್ಟೊಂದು ರಿಯಾಯಿತಿ. ನನ್ನ ಮಗನಿಗೆ?"

ಮ್ಯಾಂಚೆಸ್ಟರಿನ ಕೋರ್ಟಿಗೆ ನಾನೂ ಹೋಗಿದ್ದೆ. ನ್ಯಾಯಾಧೀಶರು ಕೆಟ್ಟವರಲ್ಲ, ಮೆತ್ತಗೆ ಮಾತಾಡುವ ಮನುಷ್ಯ. "ನಾನೇ ಆ ಸ್ಥಾನದಲ್ಲಿದ್ದಿದ್ದರೆ ಮಂಡಳಿಯ ಮಾತನ್ನೇ ಒಪ್ಪುತ್ತಿದ್ದೆನೇನೋ" ಎಂದರು. "ಆದರೆ ಆ ತೀರ್ಮಾನ ನನ್ನದಲ್ಲ, ಮಂತ್ರಿಯವರದು. ಅವರು ಕೊಟ್ಟ ಕಾರಣ ದುರ್ಬಲ. ಆದರೂ ಕಾನೂನುಬಾಹಿರವಲ್ಲ." ಅರ್ಜಿ ವಜಾ.

ಡೋರೀನ್ ಎದ್ದು ನಿಂತಳು. "ಸ್ವಾಮಿ, ಅವನನ್ನ ಕೂರಿಸಿ ಮಾತಾಡಿಸಿದವ್ರ ಮಾತು ನಡೆಯಲ್ಲ. ಮುಖ ನೋಡದವ್ರ ಮಾತೇ ಕೊನೆ. ಸರಿಯಿಲ್ಲ ಅಂತ ಕಂಡ್ರೂ ನೀವು ಕೈ ಕಟ್ಟಿ ಕೂರ್ತೀರಿ. ಹಾಗಾದ್ರೆ ಇದನ್ನ ಸರಿಮಾಡೋದು ಯಾರ ಕೆಲಸ?"

"ದಯವಿಟ್ಟು ಕುಳಿತುಕೊಳ್ಳಿ, ಶ್ರೀಮತಿ ಥ್ರೆಲ್‌ಫಾಲ್" ಎಂದರು ಅವರು.

ಮರುದಿನ ಗ್ಲೆನ್ ಜೈಲಿನಿಂದ ಫೋನ್ ಮಾಡಿದ. "ಏನಮ್ಮಾ, ಜಡ್ಜ್‌ಗೇ ದಬಾಯಿಸಿದೆಯಂತೆ? ನಿನಗೂ ಇಲ್ಲೊಂದು ಹಾಸಿಗೆ ಹಾಕಿಸಲಾ?" ಎಂದು ಅವಳನ್ನು ನಗಿಸಿದ. ಆಮೇಲೆ ತಿಂಗಳುಗಟ್ಟಲೆ ಅವನು ಕೋಣೆಯಿಂದ ಈಚೆಗೇ ಬರಲಿಲ್ಲವೆಂದು ಫರ್ಜಾನಾ ನನ್ನೊಬ್ಬಳಿಗೇ ಹೇಳಿದಳು.

ಮುಂದಿನ ಚಳಿಗಾಲದಲ್ಲಿ ಡೋರೀನ್‌ಳ ಶ್ವಾಸಕೋಶ ಕೆಟ್ಟಿತು. ಬ್ಲ್ಯಾಕ್‌ಪೂಲ್ ಆಸ್ಪತ್ರೆಗೆ ಗ್ಲೆನ್‌ನನ್ನು ಕರೆತಂದರು, ಅವನ ಕೈಯನ್ನು ಒಬ್ಬ ಕಾವಲಿನವನ ಕೈಗೆ ಸರಪಳಿಯಿಂದ ಬಿಗಿದು. ಒಂದು ಗಳಿಗೆ ಬಿಚ್ಚಪ್ಪಾ, ತಾಯಿಯನ್ನು ತಬ್ಬಿಕೊಳ್ಳಲಿ ಎಂದು ನರ್ಸ್ ಬೇಡಿಕೊಂಡಳು. "ನನ್ನ ಕೈಲಿಲ್ಲ ಸಿಸ್ಟರ್" ಎಂದು ಕಾವಲಿನವನು ತಲೆ ತಗ್ಗಿಸಿದ. ಅವನ ಕೈಯಲ್ಲೂ ಇಲ್ಲ! ಗ್ಲೆನ್ ಬಗ್ಗಿದಾಗ ಕಾವಲಿನವನೂ ಅವಳ ಮೇಲೆ ಬಗ್ಗಬೇಕಾಯಿತು. ಸಾಯುವ ತಾಯಿಗೆ ಅಷ್ಟೂ ಏಕಾಂತವಿಲ್ಲ. ಆ ವಾರವೇ ಅವಳು ತೀರಿಕೊಂಡಳು. ಅಂತ್ಯಕ್ರಿಯೆಗೆ ಅವನನ್ನು ಬಿಡಲಿಲ್ಲ.

ಬೇಸಿಗೆಯಲ್ಲಿ ಮಂತ್ರಿ ಬದಲಾದರು. ಮಂಡಳಿ ಮತ್ತೆ ಕೂತು ಹಿಂದಿನ ಶಿಫಾರಸನ್ನೇ ಮಾಡಿತು. ಈ ಸಲ ಸಹಿ ಬಿತ್ತು.

"ಈ ನಡುವೆ ಗ್ಲೆನ್‌ನಲ್ಲಿ ಬದಲಾಗಿದ್ದೇನು?" ಎಂದು ಫರ್ಜಾನಾಳನ್ನು ಫೋನಿನಲ್ಲಿ ಕೇಳಿದೆ.

"ಏನೂ ಇಲ್ಲ. ಅವನಿಗೆ ತಾಯಿ ಇಲ್ಲ, ಅಷ್ಟೇ."

"ಹಾಗಾದ್ರೆ ಮೊದಲನೇ ತೀರ್ಮಾನ ತಪ್ಪು ತಾನೇ?"

"ಕಾನೂನಿನ ಪ್ರಕಾರ ಎರಡೂ ಸರಿ, ಪಾಲೀನ್."

ಫೋನ್ ಕುಕ್ಕಿಟ್ಟೆ. ಅವಳ ಮೇಲೆ ಸಿಟ್ಟಲ್ಲ.

ತೆರೆದ ಜೈಲಿನಿಂದ ಮೊದಲ ರಜೆಗೆ ಗ್ಲೆನ್ ತಾನೇ ಟ್ರಾಮ್ ಹತ್ತಿ ಬಂದ. ಇಬ್ಬರೂ ಸ್ಮಶಾನಕ್ಕೆ ಹೋದೆವು. ಅವನು ಮಂಡಿಯೂರಿ ಸಮಾಧಿಯ ಮೇಲಿನ ಕಳೆ ಕಿತ್ತ. ನಾನು ಮಂತ್ರಿ, ಕೋರ್ಟು, ಕಚೇರಿ ಎಲ್ಲರಿಗೂ ಬಾಯಿಗೆ ಬಂದಂತೆ ಬೈದೆ.

"ಸಾಕು ಆಂಟಿ" ಎಂದ. "ಸತ್ತವರೆಲ್ಲ ಎದ್ದುಬಿಟ್ಟಾರು. ಬನ್ನಿ, ಚಿಪ್ಸ್ ತಿನ್ನೋಣ."

ಕಡಲ ದಂಡೆಯ ಬೆಂಚಿನ ಮೇಲೆ ಕೂತು ವಿನೆಗರ್ ಸುರಿದುಕೊಂಡು ಅವನು ಹಸಿದವನಂತೆ ತಿಂದ. ನನ್ನ ಪಾಲನ್ನೂ ಅವನ ಮುಂದೆ ಸರಿಸಿದೆ. ತಡವಾದರೆ ಮತ್ತೆ ಹಳೆಯ ಜೈಲಿಗೇ ಹಾಕುತ್ತಾರೆಂದು ಸಂಜೆಗೆ ಮುಂಚೆಯೇ ಎದ್ದು, ಬಾಯಿ ಒರೆಸಿಕೊಂಡು ಟ್ರಾಮ್ ನಿಲ್ದಾಣದ ಕಡೆ ಬಿರಬಿರನೆ ನಡೆದ.