ಸುಬೇದಾರ ಕಾಕಾನ ಹೆದರಿಕೆ

ಮೊನ್ನೆ ನಾಲತವಾಡದಿಂದ ಬರುವಾಗ ದಾರಿ ಪಕ್ಕದ ಹೊಲದಲ್ಲಿ ಯಾರೋ ತೊಗರಿ ಕಟ್ಟಿಗೆಗೆ ಬೆಂಕಿ ಹಚ್ಚಿದ್ದರು. ಆ ಹೊಗೆ ಮೂಗಿಗೆ ಬಡಿದದ್ದೇ ಸುಬೇದಾರ ಕಾಕಾ ನೆನಪಾದರು. ಆ ವಾಸನೆ ಬಂದರೆ ಸಾಕು, ಊಟಕ್ಕೆ ಕುಳಿತಿದ್ದರೂ ಎದ್ದು ಹೋಗಿ ಬಾಗಿಲು ಹಾಕಿಕೊಳ್ಳುತ್ತಿದ್ದರು. ನಾವು ನಗುತ್ತಿದ್ದೆವು.

ಹೊಳೆ ದಂಡೆಯ ನಮ್ಮ ಹಳೆಯ ಊರಲ್ಲಿ ಅವರದು ಪಕ್ಕದ ಮನೆ. ಬ್ರಿಟಿಷರ ಫೌಜಿನಲ್ಲಿದ್ದವರು. ಮಹಾಯುದ್ಧ ಮುಗಿದ ಮೇಲೂ ಅವರ ತುಕಡಿಯನ್ನು ಊರಿಗೆ ಬಿಡದೆ ವಿಯೆಟ್ನಾಮಿಗೆ ಕಳಿಸಿದರಂತೆ, ಫ್ರೆಂಚರ ಕೈತಪ್ಪಿದ್ದ ನಾಡನ್ನು ಅವರಿಗೇ ಮರಳಿ ಕೊಡಿಸಲು. ಯಾರದೋ ದುಡ್ಡು ಎಲ್ಲಮ್ಮನ ಜಾತ್ರೆ ಅನ್ನುತ್ತಾರಲ್ಲ, ಹಾಗೆ. ಖರ್ಚಾದದ್ದು ಮಾತ್ರ ನಮ್ಮವರ ಜೀವ.

ಅಲ್ಲಿ ವಿಮಾನದಿಂದ ಛತ್ರಿ ಕಟ್ಟಿಕೊಂಡು ಜಿಗಿಯುವ ಪಡೆಯ ಫ್ರೆಂಚ್ ಕ್ಯಾಪ್ಟನ್ ಒಬ್ಬನಿದ್ದ. ಅವನ ಕಥೆಯನ್ನು ಕಾಕಾ ನನಗೆ ಒಮ್ಮೆ ಮಾತ್ರ ಹೇಳಿದರು.

"ಅವನ ಊರಿಗೆ ಜರ್ಮನ್ರು ಬೆಂಕಿ ಹಚ್ಚಿದ್ರಂತ. ಅದನ್ನ ಹೇಳ್ಕೋಂತ ಅಳ್ತಿದ್ದ. ಮುಂಜಾನಿ ಎದ್ದ ಕೂಡ್ಲೇ ಮಂದಿ ಊರಿಗೆ ತಾನ ಬೆಂಕಿ ಹಚ್ಚಸ್ತಿದ್ದ. ಊರು ಬಿಡ್ರಿ ಅಂದ್ರ ಬಿಡಲಾರದ ಕುಂತ ಮಂದೀನ… ಬ್ಯಾಡ ಬಿಡು."

ಹಾಗೆ ಉರಿಯುವ ಊರಿನ ಸುತ್ತ ಕಾವಲು ನಿಂತದ್ದು ಕಾಕಾ ಮತ್ತು ಅವರ ಜೊತೆಯವರು. ಆ ಕ್ಯಾಪ್ಟನ್ ಮುಂದೆ ಅಲ್ಜೀರಿಯಾದಲ್ಲೂ ಅದೇ ಕೆಲಸ ಮಾಡಿ ಎದೆ ತುಂಬ ಪದಕ ಹಾಕಿಕೊಂಡನಂತೆ. ಇದು ಕಾಕಾಗೆ ಹೇಗೆ ಗೊತ್ತಾಯಿತೋ… ನಾನು ಕೇಳಲಿಲ್ಲ.

ಎಷ್ಟೋ ವರ್ಷಗಳ ಮೇಲೆ ಹೊಳೆಗೆ ಅಣೆಕಟ್ಟು ಬಂತು. ನಮ್ಮ ಊರೂ ಹೊಳೆಯಾಚೆಯ ಊರೂ ಮುಳುಗಡೆಗೆ ಸೇರಿದವು. ಒಳ್ಳೆಯ ಜಾಗ ತೋರಿಸುವತನಕ ಏಳುವುದಿಲ್ಲವೆಂದು ಎರಡೂ ಊರಿನವರು ಗುಡಿಯ ಮುಂದೆ ದೇವರ ಅರಿಶಿನ ಭಂಡಾರ ಮುಟ್ಟಿ ಆಣೆ ಮಾಡಿದರು. ಭಂಡಾರಕ್ಕೆ ಕೈ ಹಚ್ಚದವರು ಕಾಕಾ ಒಬ್ಬರೇ.

ಒಂದು ದಿನ ಪೊಲೀಸ್ ವ್ಯಾನ್ ಬಂತು. ಪೊಲೀಸರು ಗಿಡದ ಕೆಳಗೆ ಕುಳಿತು ಚಹಾ ಕುಡಿದು ಹೋದರು, ಅಷ್ಟೇ. ಕಾಕಾ ಆಗಲೇ ಮನೆ ಮನೆ ಹತ್ತಿ ಇಳಿಯತೊಡಗಿದರು. ನಮ್ಮ ಅವ್ವ ಒಲೆ ಮುಂದಿನಿಂದ ಏಳಲೇ ಇಲ್ಲ.

"ತಂಗೀ, ನಿನ್ನ ಕಾಲು ಬೀಳ್ತೇನಿ, ಏಳವಾ. ಕುಂತ ಮಂದಿ ಏನಾಗ್ತಾರ ಅನ್ನೂದು ನಾ ನೋಡೇನಿ."

"ಆಣಿ ಮಾಡೇವ್ರಿ ಸುಬೇದಾರ್ರ."

"ಆ ಆಣಿ ನನ್ನ ತಲಿ ಮ್ಯಾಲ ಇರ್ಲಿ!"

ಯುದ್ಧ ಕಂಡ ಮನುಷ್ಯನೇ ಹೀಗೆ ಕಾಲಿಗೆ ಬೀಳುವುದನ್ನು ನೋಡಿ ಊರಿಗೆ ಊರೇ ಹೆದರಿತು. ತೊಲೆ, ಬಾಗಿಲ ಚೌಕಟ್ಟು ಕಿತ್ತು ಚಕ್ಕಡಿಗೆ ಹೇರಿದೆವು. ತೋರಿಸಿದ ಜಾಗಕ್ಕೆ ಹೋದೆವು. ಬರೀ ಕಲ್ಲು ತುಂಬಿದ ಮರಡಿ ನೆಲ.

ಆಚೆಯ ಊರಿನವರು ಕುಳಿತೇ ಇದ್ದರು. ಯಾರೂ ಅವರಿಗೆ ಬೆಂಕಿ ಹಚ್ಚಲಿಲ್ಲ, ಲಾಠಿ ಸಹ ಎತ್ತಲಿಲ್ಲ. ಕೊನೆಗೆ ಅವರಿಗೆ ರಸ್ತೆ ಬದಿಯ ಕಪ್ಪು ಎರೆ ಭೂಮಿ ಸಿಕ್ಕಿತು.

ಹೊಸ ಊರಲ್ಲಿ ಕಾಕಾಗೆ "ಬರ್ರಿ" ಅನ್ನುವ ಮನೆ ಉಳಿಯಲಿಲ್ಲ. ಅವ್ವ ಒಬ್ಬಳೇ ಚಹಾ ಕೊಟ್ಟು ಒಲೆ ಕಡೆ ತಿರುಗುತ್ತಿದ್ದಳು. ಒಂದು ಸಲ ಚಹಾದ ಕಪ್ಪು-ಬಸಿ ಹಿಡಿದುಕೊಂಡೇ ಅವರು, "ಕುಂತಿದ್ರ ಬೆಂಕಿ ಹಚ್ತಿದ್ರು ತಂಗೀ… ಹಚ್ಚೇ ಹಚ್ತಿದ್ರು," ಎಂದರು.

"ಹಂಗ ಅಂದ್ಕೋರಿ," ಎಂದಳು ಅವ್ವ. ಅವರು ಆಮೇಲೆ ನಮ್ಮ ಮನೆಗೂ ಬರಲಿಲ್ಲ. ಮುಂದಿನ ಬೇಸಿಗೆಯಲ್ಲಿ ಹೋಗಿಬಿಟ್ಟರು. ಹೆಣ ಹೊರಲು ಹೊರಗಿನ ಊರಿನಿಂದ ಮಂದಿ ಬರಬೇಕಾಯಿತು.

ಈಗ ಅವ್ವನೂ ಇಲ್ಲ. ಆಚೆಯ ಊರಿನವರು ಕಬ್ಬು ಬೆಳೆಯುತ್ತಾರೆ, ನಾನಿನ್ನೂ ಹೊಲದಲ್ಲಿ ಕಲ್ಲು ಆರಿಸುತ್ತೇನೆ. ಸಿಟ್ಟು ಆರಿಲ್ಲ. ಆದರೆ ಕಾಕಾನನ್ನು ಬೈಯಲು ಬಾಯಿ ತೆರೆದರೆ ಅವರಿಲ್ಲದ ಹಾಳು ಸಂಕಟವೇ ಮೊದಲು ಬರುತ್ತದೆ. ಆ ಕ್ಯಾಪ್ಟನ್ ನಮ್ಮ ಊರಿನ ಹೆಸರನ್ನೂ ಕೇಳಿರಲಿಕ್ಕಿಲ್ಲ. ನಮ್ಮನ್ನು ಊರಿಂದ ಎಬ್ಬಿಸಿದವನು ಮಾತ್ರ ಅವನೇ.